ನನ್ನ ಮಷಿನ್ ಒಂದೇ ಯಾಕೆ ಉಳಿಯಿತು

ಸೂರತ್ತಿನಲ್ಲಿ ಸೀರೆ ಡಿಸೈನ್ ಮಾಡುವವರ ನಡುವೆ ಇವತ್ತಿಗೂ ಕೆಲವರು ನನ್ನನ್ನು ‘ವೈರಸ್ಸಿನವಳು’ ಎಂದೇ ಗುರುತಿಸುತ್ತಾರೆ. ಗುರುತಿಸಲಿ ಬಿಡಿ. ಅವರ ಬಾಯಿ ಮುಚ್ಚಿಸಲೆಂದು ನಾನು ಇದನ್ನು ಬರೆಯುತ್ತಿಲ್ಲ. ಬಾಯಿ ಅವರದು, ದಣಿದಾಗ ತಾನೇ ಮುಚ್ಚುತ್ತದೆ. ಆದರೆ ನಡೆದದ್ದನ್ನು ನಡೆದ ಹಾಗೆ ಒಮ್ಮೆ ಹೇಳಿಬಿಡಬೇಕು. ಆ ವರ್ಷ ಆ ಊರಲ್ಲಿ ನನ್ನದು ಅಂತ ಇದ್ದದ್ದು ‘ಈ ಹುಡುಗಿಯ ಕೆಲಸ ನಂಬಬಹುದು’ ಎಂಬ ಹೆಸರು ಮಾತ್ರ. ಅದನ್ನು ಕಿತ್ತುಕೊಳ್ಳಲು ನೋಡಿದರು. ನಾನು ಕೊಡಲಿಲ್ಲ.

ನಾನು ಗುಳೇದಗುಡ್ಡದ ಕಡೆಯವಳು. ಮನೆಯಲ್ಲಿ ಖಣ ನೇಯುತ್ತಿದ್ದರು. ಜವಳಿ ವಿನ್ಯಾಸ ಕಲಿಯುವುದಕ್ಕೆ ಅಹಮದಾಬಾದಿಗೆ ಹೋದಾಗ ನನ್ನ ಜೊತೆ ಒಂದೇ ಕೋಣೆಯಲ್ಲಿದ್ದವಳು ಕುಂದಾಪುರದ ಹುಡುಗಿ, ಕಂಪ್ಯೂಟರ್ ಓದುತ್ತಿದ್ದಳು. ಅವಳ ಸೋದರಮಾವ ಅಲ್ಲೇ ಒಂದು ಉಡುಪಿ ಹೋಟೆಲು ಇಟ್ಟಿದ್ದರು, ಹೀಗಾಗಿ ಊಟಕ್ಕೆ ತೊಂದರೆ ಇರಲಿಲ್ಲ. ತೊಂದರೆ ಇದ್ದದ್ದು ಸಾಫ್ಟ್‌ವೇರಿಗೆ. ಕ್ಲಾಸಿನಲ್ಲಿ ಎಲ್ಲರೂ ದುಬಾರಿ ಚಿತ್ರದ ಸಾಫ್ಟ್‌ವೇರನ್ನು ಕ್ರ್ಯಾಕ್ ಮಾಡಿದ್ದು, ಅಂದರೆ ಬೀಗ ಒಡೆದು ಹಂಚಿದ್ದು, ಹಾಕಿಕೊಂಡಿದ್ದರು. ನನಗೆ ಅದು ಬೇಡವಾಗಿತ್ತು. ದೊಡ್ಡ ಧರ್ಮಾತ್ಮಳು ಅಂತಲ್ಲ. ನಮ್ಮಪ್ಪ ನೇಯ್ದ ಖಣದ ಚಿತ್ತಾರವನ್ನು ಪಕ್ಕದ ಊರಿನ ಅಂಗಡಿಯವನು ಮಿಲ್ಲಿನ ಬಟ್ಟೆಯ ಮೇಲೆ ಅಚ್ಚು ಹಾಕಿಸಿ ಮಾರಿದ್ದ. ಅವತ್ತು ಅಪ್ಪ ಊಟ ಬಿಟ್ಟು ಎದ್ದಿದ್ದರು. ಅಷ್ಟು ಸಾಕಿತ್ತು ನನಗೆ.

ಚಿತ್ರ ಬರೆಯಲು ಮುಕ್ತ ಸಾಫ್ಟ್‌ವೇರ್ ಇದೆ, ಮಾಡಿದವರೇ ಎಲ್ಲರಿಗೂ ಕೊಡುತ್ತಾರೆ, ಒಳಗಿನ ಬರಹವನ್ನೂ, ಅಂದರೆ ಕೋಡನ್ನೂ, ಬಚ್ಚಿಡುವುದಿಲ್ಲ ಎಂದು ಯಾರೋ ಹೇಳಿದರು. ಕುಣಿದುಕೊಂಡು ಹುಡುಕಿದೆ. ಮೊದಲು ಕಂಡ ಪುಟದಲ್ಲಿ ಅಂಗೈಯಗಲದ ಹಸಿರು ಗುಂಡಿ, ‘ಡೌನ್‌ಲೋಡ್’ ಅಂತ. ಒತ್ತಿದೆ. ಚಿತ್ರದ ಸಾಫ್ಟ್‌ವೇರಿನ ಜೊತೆ ಇನ್ನೂ ನಾಲ್ಕು ಏನೇನೋ ಬಂದು ಕೂತವು. ಇಂಟರ್ನೆಟ್ ತೆರೆದರೆ ಬರೀ ಜೂಜಿನ ಜಾಹೀರಾತು. ಆಮೇಲೆ ‘ನಿಮ್ಮ ಕಂಪ್ಯೂಟರು ಅಪಾಯದಲ್ಲಿದೆ, ಈ ನಂಬರಿಗೆ ಫೋನ್ ಮಾಡಿ’ ಎಂದು ಪರದೆ ಬಡಕೊಳ್ಳತೊಡಗಿತು. ನಾನು ಫೋನು ಕೈಗೆತ್ತಿಕೊಂಡೂ ಆಗಿತ್ತು. ಕುಂದಾಪುರದವಳು ಕಸಿದುಕೊಂಡಳು.

“ಎಂತ ಮಾರಾಯ್ತಿ! ಮೇಲೆ ಜಾಹೀರಾತು ಅಂತ ಬರ್ದಿತ್ತಲ್ದಾ, ಕಣ್ಣ್ ಎಲ್ಲಿಟ್ಕಂಡಿದ್ದೆ? ಹಸ್ರು ಕಂಡ್ಕೂಡ್ಲೆ ದನದ ಹಾಂಗೆ ಬಾಯಿ ಹಾಕುದಾ?”

“ನನಗೇನ್ ಗೊತ್ತವಾ, ಹೆಸರು ಅದಽ ಇತ್ತು.”

“ಹೆಸ್ರು ಅದೇ ಇರತ್ತೆ. ವಿಳಾಸ ನೋಡ್. ಮಾಡಿದವ್ರ ಸ್ವಂತ ಮನೆ ಬಾಗ್ಲಿಗೆ ಹೋಗ್. ದಾರಿ ಮೇಲೆ ನಿಂತವ ಕೊಟ್ಟದ್ದು ತಿನ್‌ಬೇಡ.”

ಲ್ಯಾಪ್‌ಟಾಪನ್ನು ಪೂರ್ತಿ ಅಳಿಸಿ ಮೊದಲಿನಿಂದ ಕಟ್ಟಿಕೊಟ್ಟವಳು ಅವಳೇ. ಆಮೇಲೆ ಒಂದು ವಿದ್ಯೆ ಕಲಿಸಿದಳು. ಪ್ರತಿ ಫೈಲಿಗೂ ಅದರದೇ ಒಂದು ಉದ್ದನೆಯ ಸಂಖ್ಯೆ ಇರುತ್ತದೆ, ಅಂಕಿ ಅಕ್ಷರ ಬೆರೆತದ್ದು, ಮನುಷ್ಯರಿಗೆ ಬೆರಳಚ್ಚು ಇರುವ ಹಾಗೆ. ಮಾಡಿದವರು ಅದನ್ನು ತಮ್ಮ ಪುಟದಲ್ಲೇ ಹಾಕಿರುತ್ತಾರೆ. ನಾವು ಇಳಿಸಿಕೊಂಡ ಫೈಲಿನ ಸಂಖ್ಯೆಯನ್ನು ನಮ್ಮ ಕಂಪ್ಯೂಟರಿನಲ್ಲಿ ತೆಗೆದು ಅದರ ಪಕ್ಕ ಇಟ್ಟು ನೋಡಬೇಕು. ಎರಡೂ ಒಂದೇ ಇದ್ದರೆ ದಾರಿಯಲ್ಲಿ ಯಾರೂ ಕೈ ಹಾಕಿಲ್ಲ. ಒಂದು ಅಕ್ಷರ ಬೇರೆ ಇದ್ದರೂ ಬಿಸಾಡಬೇಕು. ನಾನು ಗಟ್ಟಿಯಾಗಿ ಓದುವುದು, ಅವಳು ಪೆನ್ಸಿಲಿನಿಂದ ಗೀಟು ಹಾಕುವುದು. ಮಗ್ಗಕ್ಕೆ ಹಾಸು ಹೂಡುವಾಗ ಅವ್ವ ಎಳೆ ಎಣಿಸುತ್ತಿದ್ದದ್ದೂ ಹೀಗೇ, ಒಬ್ಬರು ಹೇಳುವುದು ಒಬ್ಬರು ಹಿಡಿಯುವುದು. ನನಗೆ ಇದು ಬೇಗ ಹಿಡಿಸಿತು. ಅವತ್ತಿನಿಂದ ಯಾವ ಸಾಫ್ಟ್‌ವೇರ್ ಇಳಿಸಿಕೊಂಡರೂ ಎಲ್ಲಿಂದ, ಯಾವತ್ತು, ಸಂಖ್ಯೆ ಹೊಂದಿತೋ ಇಲ್ಲವೋ ಎಂದು ಒಂದು ನೋಟ್‌ಬುಕ್ಕಿನಲ್ಲಿ ಬರೆದಿಟ್ಟೆ.

ಓದು ಮುಗಿದು ಅವಳು ವಡೋದರದ ಪಕ್ಕ ಕೊಯಾಲಿ ಕಡೆ ಒಂದು ಖಾಸಗಿ ಕಂಪನಿಯ ಕೆಲಸಕ್ಕೆ ಹೋದಳು. ನಾನು ಸೂರತ್ತಿಗೆ ಬಂದೆ.

ವರಾಛಾ ಬಡಾವಣೆಯ ಒಂದು ಕಟ್ಟಡದ ಎರಡನೇ ಮಹಡಿಯಲ್ಲಿ ನಮ್ಮ ಡಿಸೈನ್ ಸ್ಟುಡಿಯೋ. ಕೆಳಗಿನ ಮಹಡಿಯಲ್ಲಿ ವಜ್ರ ಉಜ್ಜುವವರು. ನಮ್ಮಲ್ಲಿ ಐದು ಮಷಿನ್. ಅಲ್ಲಿ ಕಂಪ್ಯೂಟರಿಗೆ ಎಲ್ಲರೂ ಮಷಿನ್ ಎಂದೇ ಹೇಳುತ್ತಾರೆ. ನಾವು ಸೀರೆಯ ಹೂಬಳ್ಳಿ ಬರೆದು, ಬಣ್ಣ ಬಣ್ಣಕ್ಕೆ ಬೇರೆ ಮಾಡಿ, ಊರ ಹೊರಗೆ ಸಚಿನ್ ಎಂಬ ಕಡೆ ಇರುವ ಪ್ರಿಂಟಿಂಗ್ ಮಿಲ್ಲುಗಳಿಗೆ ಕಳಿಸಬೇಕು. ಆ ದಂಧೆಯಲ್ಲಿ ಒಂದು ಪದ್ಧತಿ ಇದೆ. ಕೆಲಸ ಕೇಳಿಕೊಂಡು ಬಂದ ಡಿಸೈನರ್ ತನ್ನ ‘ಸೆಟ್’ ತರಬೇಕು. ಸೆಟ್ ಅಂದರೆ ಒಂದು ಪೆನ್‌ಡ್ರೈವ್, ಅದರ ತುಂಬ ಕ್ರ್ಯಾಕ್ ಮಾಡಿದ ಸಾಫ್ಟ್‌ವೇರು, ಕದ್ದ ಫಾಂಟು, ಎಲ್ಲೆಲ್ಲಿಂದಲೋ ಎತ್ತಿದ ಹೂವು. ದರ್ಜಿ ತನ್ನ ಕತ್ತರಿ ತಂದ ಹಾಗೆ. ಸೆಟ್ ದೊಡ್ಡದಿದ್ದಷ್ಟೂ ಡಿಸೈನರ್ ದೊಡ್ಡವನು.

ಸಂದರ್ಶನದಲ್ಲಿ ಸೇಠ್, ಅಂದರೆ ಸ್ಟುಡಿಯೋದ ಮಾಲೀಕರು, ಮೊದಲು ಕೇಳಿದ್ದೇ ಅದು. “ಸೆಟ್ ಹೈ?”

“ನನ್ನದು ಮುಕ್ತ ಸಾಫ್ಟ್‌ವೇರ್. ಮಾಡಿದವರ ಜಾಗದಿಂದಲೇ ಇಳಿಸಿಕೊಳ್ತೀನಿ. ಅದಕ್ಕೆ ದುಡ್ಡು ಕೊಡಬೇಕಿಲ್ಲ” ಎಂದೆ, ನನ್ನ ಹರಕು ಹಿಂದಿಯಲ್ಲಿ.

“ಮುಫತ್?” ಸೇಠ್ ಮುಖ ಹುಳ್ಳಗೆ ಮಾಡಿದರು. ವ್ಯಾಪಾರದ ಊರು. ಪುಕ್ಕಟೆ ಸಿಗುವ ಮಾಲಿನಲ್ಲಿ ಏನೋ ಐಬು ಇದ್ದೇ ಇರುತ್ತದೆ ಎಂದು ಅಲ್ಲಿ ಹಾಲು ಕುಡಿಯುವ ಮಗುವಿಗೂ ಗೊತ್ತು. ಅವರ ಮಷಿನ್‌ಗಳಿಗೆ ಸಾಫ್ಟ್‌ವೇರ್ ತುಂಬಲು ಒಬ್ಬ ಬರುತ್ತಿದ್ದ. ಅವನಿಗೆ ಅವರು ದುಡ್ಡು ಕೊಡುತ್ತಿದ್ದರು. ದುಡ್ಡು ಕೊಟ್ಟ ಮೇಲೆ ಅದು ಅಸಲಿ. “ಕಾಸು ಎಣಿಸಿ ಕೊಟ್ಟಿದ್ದೀನಿ ಬೆಹೆನ್, ಕದ್ದ ಮಾಲು ಹೇಗಾಗುತ್ತೆ?” ಎಂದು ನನ್ನನ್ನೇ ಕೇಳಿದರು. ನಿಜವಾಗಿ ಬೇಕಿದ್ದರೆ ಆ ಸಾಫ್ಟ್‌ವೇರಿನ ಕಂಪನಿಗೇ ಬಾಡಿಗೆ ಕಟ್ಟಿ ನೆಟ್ಟಗೆ ತೆಗೆದುಕೊಳ್ಳಬಹುದಿತ್ತು. ಅದನ್ನು ಹೇಳಿದೆ. ನಕ್ಕರು. ಕೆಳಗಿನ ಮಹಡಿಯಲ್ಲಿ ಅವರ ಸ್ವಂತ ಭಾವಮೈದುನ ಕಡಲೆಬೇಳೆಗಿಂತ ಸಣ್ಣ ಹರಳನ್ನೂ ಕಣ್ಣಿಗೆ ಭೂತಗನ್ನಡಿ ಹಚ್ಚಿ ತಿರುಗಿಸಿ ತಿರುಗಿಸಿ ನೋಡಿ ಕೊಳ್ಳುತ್ತಿದ್ದರು. ಮೇಲೆ ಇವರು ಯಾರೋ ತಂದ ಪೆನ್‌ಡ್ರೈವನ್ನು ಕಣ್ಣು ಮುಚ್ಚಿ ಚುಚ್ಚುತ್ತಿದ್ದರು.

ಆ ಸಾಫ್ಟ್‌ವೇರ್‌ವಾಲಾ ಬಾಗಿಲಲ್ಲಿ ಚಪ್ಪಲಿ ಬಿಡುತ್ತಲೇ ಹೇಳುತ್ತಿದ್ದ ಮಾತು ಒಂದೇ: “ಆಂಟಿವೈರಸ್ ಬಂದ್ ಕರೋ.” ವೈರಸ್ಸು ಹಿಡಿಯುವ ಕಾವಲನ್ನು ಮೊದಲು ಮಲಗಿಸು, ಆಮೇಲೆ ನಾನು ಒಳಗೆ ಬರುತ್ತೇನೆ ಅಂತ ಅರ್ಥ. ಕಳ್ಳನ ಕೈಗೇ ಬೀಗದ ಕೈ. ನನ್ನ ಮಷಿನ್‌ಗೆ ಮಾತ್ರ ನಾನು ಅವನನ್ನು ಬಿಡಲಿಲ್ಲ. ಮಿಲ್ಲಿಗೆ ಬೇಕಾದ ನಮೂನೆಯಲ್ಲೇ ಫೈಲು ಕೊಡುತ್ತಿದ್ದೆ, ಬಣ್ಣ ಕೆಡುತ್ತಿರಲಿಲ್ಲ, ಹೀಗಾಗಿ ಸೇಠ್ ಸುಮ್ಮನಿದ್ದರು.

ಅಲ್ಲಿ ನನಗೆ ನಿಜವಾಗಿ ಕೆಲಸ ಕಲಿಸಿದವರು ಮಾಸ್ಟರ್. ಐವತ್ತು ದಾಟಿದ ಸೂರತ್ತಿನವರೇ. ಬ್ರಷ್ಷಿನಲ್ಲಿ ಡಿಸೈನ್ ಬರೆಯುತ್ತಿದ್ದ ಕಾಲದಿಂದ ಬಂದವರು. ಅವರ ಮಷಿನ್‌ನಲ್ಲಿ ಹನ್ನೊಂದು ವರ್ಷದ ಹೂಗಳಿದ್ದವು. ನನ್ನ ಡಬ್ಬಿಯಿಂದ ಚಟ್ನಿಪುಡಿ ತಿಂದು ಕಣ್ಣೀರು ಹಾಕಿಕೊಂಡು “ಇದು ಊಟವೋ ಶಿಕ್ಷೆಯೋ” ಎನ್ನುತ್ತಿದ್ದರು. ಮರುದಿನ ಮತ್ತೆ ಕೈ ಚಾಚುತ್ತಿದ್ದರು.

ಮದುವೆ ಸೀಸನ್ನಿನ ಆರ್ಡರು ತುಂಬಿ ತುಳುಕುತ್ತಿದ್ದಾಗ ಅದು ಆಯಿತು. ಸೋಮವಾರ ಬೆಳಗ್ಗೆ ಹೋದರೆ ಮಾಸ್ಟರ್ ಮಷಿನ್ ಮುಂದೆ ಎರಡೂ ಕೈ ತೊಡೆಯ ಮೇಲಿಟ್ಟುಕೊಂಡು ಕೂತಿದ್ದಾರೆ. ಪ್ರತಿ ಫೈಲಿನ ಹೆಸರಿಗೂ ಒಂದು ವಿಚಿತ್ರ ಬಾಲ ಹತ್ತಿತ್ತು. ಯಾವುದೂ ತೆರೆಯುತ್ತಿರಲಿಲ್ಲ. ಪರದೆಯ ನಡುವೆ ಇಂಗ್ಲಿಷಿನಲ್ಲಿ ಒಂದು ಚೀಟಿ: ನಿಮ್ಮ ಫೈಲುಗಳಿಗೆ ಬೀಗ ಹಾಕಿದ್ದೇವೆ, ದುಡ್ಡು ಕೊಟ್ಟರೆ ಬೀಗದ ಕೈ ಕೊಡುತ್ತೇವೆ. ಪಕ್ಕದ ಮೂರು ಮಷಿನ್‌ನಲ್ಲೂ ಅದೇ. ನನ್ನದನ್ನು ಹಚ್ಚಿದೆ. ಆಂಟಿವೈರಸ್ಸಿನ ಒಂದು ಕೆಂಪು ಸೂಚನೆ ಕಂಡಿತು, ಏನೋ ಒಳಗೆ ಬರಲು ನೋಡಿತ್ತು, ತಡೆದಿದ್ದೇನೆ ಅಂತ. ನನ್ನ ಹೂವು, ಬಳ್ಳಿ, ನವಿಲು ಎಲ್ಲ ಇದ್ದಲ್ಲೇ ಇದ್ದವು. ಮಾಸ್ಟರ್ ಮುಖ ನೋಡಿ ನನಗೆ ಸಂತೋಷಪಡಲಿಕ್ಕೂ ಆಗಲಿಲ್ಲ.

ಸೇಠ್ ಬಂದರು. ನಾಲ್ಕೂ ಮಷಿನ್ ನೋಡಿದರು. ನನ್ನದರ ಮುಂದೆ ನಿಂತರು.

“ನಿನ್ನದೊಂದೇ ಹೇಗೆ ಉಳೀತು?”

“ಇದರಲ್ಲಿ ಕ್ರ್ಯಾಕ್ ಇಲ್ಲ. ಕಾವಲು ಬಂದ್ ಮಾಡಿಲ್ಲ.”

“ಅಲ್ಲ. ಎಲ್ಲರ ಮನೆ ಸುಟ್ಟು ಒಬ್ಬರ ಮನೆ ಉಳಿದರೆ ಬೆಂಕಿ ಹಚ್ಚಿದವರು ಯಾರು ಅಂತ ಊರವರು ಕೇಳೋದಿಲ್ಲವಾ? ಆ ನಿನ್ನ ಮುಫತ್ ಸಾಫ್ಟ್‌ವೇರಿನಿಂದಲೇ ಬಂದಿದ್ದು ಇದು.”

ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಎಂದು ಕೇಳಿದ್ದೆ. ಇಲ್ಲಿ ಜ್ವರ ಬರದೇ ಇದ್ದದ್ದೇ ಎಮ್ಮೆಯ ತಪ್ಪಾಗಿತ್ತು.

ಮೆಟ್ಟಿಲ ಮೇಲೆ ನಿಂತು ಕುಂದಾಪುರದವಳಿಗೆ ಫೋನ್ ಮಾಡಿದೆ. “ಅಳ್‌ಬೇಡ, ಅತ್ರೆ ಫೈಲ್ ಬತ್ತಿಲ್ಲ” ಎಂದಳು. “ಆ ಮಾಸ್ಟರ್ ಮಷಿನ್ ತೆಗಿ. ಆಂಟಿವೈರಸ್ಸಿನ ಹಳೆ ಚರಿತ್ರೆ ಇರತ್ತೆ ಕಾಣ್. ಯಾರ್ ಬಂದಿರ್, ಯಾರ್ ಬಾಗ್ಲ್ ತೆಗ್ದಿರ್, ಎಲ್ಲ ಬರ್ಕಂಡಿರತ್ತೆ.”

ಬರೆದುಕೊಂಡಿತ್ತು. ಸಾಫ್ಟ್‌ವೇರ್‌ವಾಲಾ ಹೊಸ ಸೆಟ್ ತುಂಬಿಹೋದ ದಿನವೇ, ಅವನ ಕ್ರ್ಯಾಕ್ ಫೈಲಿನ ಹೆಸರು, ‘ಅಪಾಯಕಾರಿ’ ಎಂಬ ಎಚ್ಚರಿಕೆ, ಅದರ ಕೆಳಗೆ ‘ಬಳಕೆದಾರರು ಅನುಮತಿ ಕೊಟ್ಟಿದ್ದಾರೆ’. ಆ ಇಡೀ ಫೋಲ್ಡರನ್ನು ‘ಪರೀಕ್ಷಿಸಬೇಡ’ ಎನ್ನುವ ಪಟ್ಟಿಗೆ ಸೇರಿಸಿ ಹೋಗಿದ್ದ ಮಹಾಶಯ. ಸೇಠ್‌ರನ್ನು ಕರೆದು ಬೆರಳಿಟ್ಟು ತೋರಿಸಿದೆ. ಅವರು ಓದಿದರು. ಎರಡು ಸಲ ಓದಿದರು. ಆಮೇಲೆ ನನ್ನ ಕೈಯಿಂದ ಮೌಸ್ ತೆಗೆದುಕೊಂಡು ಆ ಕಿಟಕಿಯನ್ನು ಮುಚ್ಚಿಬಿಟ್ಟರು. ಮಾಸ್ಟರ್ ಪಕ್ಕದಲ್ಲೇ ಇದ್ದರು. ಅವರೂ ಓದಿದ್ದರು. ನಾನು ಅವರ ಕಡೆ ನೋಡಿದೆ, ಅವರು ನೆಲ ನೋಡಿದರು. ಸೇಠ್ ಮೇಲೆ ಸಿಟ್ಟು ಬಂತು, ಆದರೆ ಅಳು ಬಂದದ್ದು ಮಾಸ್ಟರ್ ಕಾರಣಕ್ಕೆ.

ಸೇಠ್ ಲೆಕ್ಕಾಚಾರ ಆಗ ನನಗೆ ತಿಳಿಯಿತು. ಸಚಿನ್ ಮಿಲ್ಲಿನವರಿಗೆ ಡಿಸೈನ್ ಯಾಕೆ ತಡ ಎಂದು ಏನಾದರೂ ಹೇಳಬೇಕಲ್ಲ. ಕ್ರ್ಯಾಕ್ ಎಂದು ಬಾಯಿ ಬಿಟ್ಟರೆ ತಾವೇ ಕಳ್ಳರು ಎಂದು ಒಪ್ಪಿಕೊಂಡ ಹಾಗೆ. ಆ ಸ್ಟುಡಿಯೋದಲ್ಲಿ ಗಟ್ಟಿಯಾಗಿ ಹೆಸರು ಹೇಳಬಹುದಾದ ಸಾಫ್ಟ್‌ವೇರ್ ಇದ್ದದ್ದು ನನ್ನದೊಂದೇ. ಹಾಗಾಗಿ ಅದರ ಹೆಸರನ್ನೇ ಹೇಳಿದರು. ನನ್ನೆದುರಿಗೇ ಫೋನಿನಲ್ಲಿ, “ಒಬ್ಬ ಹುಡುಗಿ ಇಂಟರ್ನೆಟ್ಟಿನಿಂದ ಏನೋ ಫ್ರೀ ಹಾಕಿಬಿಟ್ಟಳು” ಎಂದರು. ಫೋನಿಟ್ಟು ನನ್ನ ಕಡೆ ತಿರುಗಿದರು. ದನಿ ಬೆಣ್ಣೆಯಾಗಿತ್ತು.

“ಡಿಸೈನರುಗಳ ಗ್ರೂಪಿನಲ್ಲಿ ಒಂದು ಮಾತು ಹಾಕಿಬಿಡು. ತಪ್ಪಾಯ್ತು, ಗೊತ್ತಿರಲಿಲ್ಲ, ಕ್ಷಮಿಸಿ ಅಂತ. ಎರಡು ಸಾಲು. ನಿನ್ನ ಕೆಲಸ ಎಲ್ಲಿಗೂ ಹೋಗಲ್ಲ.”

ಆ ಗ್ರೂಪಿನಲ್ಲಿ ಊರಿನ ಸ್ಟುಡಿಯೋದವರೆಲ್ಲ ಇದ್ದರು, ಮಿಲ್ಲಿನವರೂ ಇದ್ದರು. ಅಲ್ಲಿ ಆ ಎರಡು ಸಾಲು ಹಾಕಿದರೆ ಇನ್ನು ಸೂರತ್ತಿನಲ್ಲಿ ನನ್ನ ಫೈಲನ್ನು ಯಾರೂ ತೆರೆಯುವುದಿಲ್ಲ. ಕೆಲಸ ಉಳಿಯುತ್ತದೆ, ಹೆಸರು ಹೋಗುತ್ತದೆ. ಹೋದ ಹೆಸರನ್ನು ಇಟ್ಟುಕೊಂಡು ನಾನು ಯಾವ ಕೆಲಸ ಮಾಡಲಿ?

“ಹಾಕ್ತೀನಿ” ಎಂದೆ. ನನ್ನ ನೋಟ್‌ಬುಕ್ಕಿನ ಎರಡು ಪುಟಗಳ ಫೋಟೋ ತೆಗೆದು ಗ್ರೂಪಿಗೆ ಹಾಕಿದೆ. ಕೆಳಗೆ ಬರೆದೆ: ‘ನನ್ನ ಮಷಿನ್‌ನಲ್ಲಿರುವ ಸಾಫ್ಟ್‌ವೇರುಗಳೆಲ್ಲ ಇವು. ಎಲ್ಲಿಂದ ಯಾವಾಗ ಇಳಿಸಿಕೊಂಡೆ ಎಂದು ಬರೆದಿದೆ. ಯಾರು ಬೇಕಾದರೂ ಬಂದು ಪರೀಕ್ಷಿಸಿ. ಉಳಿದವರೂ ತಮ್ಮ ತಮ್ಮ ಪಟ್ಟಿ ಹಾಕಲಿ. ವೈರಸ್ ಯಾವ ಬಾಗಿಲಿನಿಂದ ಬಂತು ಎಂದು ಕೂಡಿ ನೋಡೋಣ.’

ಬೆಳಗ್ಗೆಯಿಂದ ಸಂಜೆವರೆಗೆ ನಮಸ್ಕಾರ, ಹೂಗುಚ್ಛ, ದೇವರ ಫೋಟೋ ಬಿದ್ದು ಬಿದ್ದು ತುಂಬುತ್ತಿದ್ದ ಗ್ರೂಪು ಗಪ್‌ಚಿಪ್ಪಾಯಿತು. ಒಬ್ಬನೇ ಒಬ್ಬ ಪಟ್ಟಿ ಹಾಕಲಿಲ್ಲ. ಒಬ್ಬನೇ ಒಬ್ಬ ‘ಇದೇನು ಉದ್ಧಟತನ’ ಅಂತಲೂ ಅನ್ನಲಿಲ್ಲ. ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಳ್ಳುತ್ತಾರಂತೆ. ಅವತ್ತು ಸೂರತ್ತಿನ ಎಷ್ಟು ಜನ ಹೆಗಲು ಒರೆಸಿಕೊಂಡರೋ ದೇವರೇ ಬಲ್ಲ. ಅರ್ಧ ತಾಸಿಗೆ ಯಾರೋ ನನ್ನನ್ನು ಗ್ರೂಪಿನಿಂದ ತೆಗೆದುಹಾಕಿದರು. ಸೇಠ್ ಬೆಣ್ಣೆ ಕರಗಿತು. “ಈ ತಿಂಗಳ ಕೊನೆಗೆ ಲೆಕ್ಕ ಮುಗಿಸಿ ಹೋಗು” ಎಂದರು.

“ಹೋಗ್ತೀನಿ. ಕ್ಷಮೆ ಮಾತ್ರ ಕೇಳಲ್ಲ.”

ಇನ್ನೊಂದು ವಿಷಯ ಹೇಳಬೇಕು. ವಾರಕ್ಕೊಮ್ಮೆ ನಾನು ಮುಗಿದ ಡಿಸೈನುಗಳನ್ನು ಬೇರೆ ಡಿಸ್ಕಿಗೆ ಇಳಿಸಿ, ಅದನ್ನು ಮಷಿನ್‌ನಿಂದ ಬಿಚ್ಚಿ ಡ್ರಾಯರಿನಲ್ಲಿ ಇಡುತ್ತಿದ್ದೆ. ಮಾಸ್ಟರ್ ನನಗೆ ಜೋಡಿಸಲು ಕೊಟ್ಟಿದ್ದ ಆ ಸೀಸನ್ನಿನ ಹೂಗಳೂ ಅದರಲ್ಲಿದ್ದವು. ಕೊಡದೇ ಹೋಗಬಹುದಿತ್ತು. ಕುಂದಾಪುರದವಳು “ಕೊಡ್‌ಬೇಡ, ಸಾಯ್ಲಿ” ಎಂದಳು. ಕೊಟ್ಟೆ. ಆರ್ಡರು ಮಿಲ್ಲಿಗೆ ತಲುಪಿತು. ಸೇಠ್ ಒಂದು ಧನ್ಯವಾದವನ್ನೂ ಹೇಳಲಿಲ್ಲ, ನಾನೂ ಕಾಯಲಿಲ್ಲ. ಮಾಸ್ಟರರ ಹಳೆಯ ಹನ್ನೊಂದು ವರ್ಷ ಮಾತ್ರ ಯಾವ ಡಿಸ್ಕಿನಲ್ಲೂ ಇರಲಿಲ್ಲ.

ಗುರುವಾರ ಸಾಫ್ಟ್‌ವೇರ್‌ವಾಲಾ ಮತ್ತೆ ಬಂದ. ಅದೇ ಚಪ್ಪಲಿ, ಅದೇ ಮಾತು. “ಆಂಟಿವೈರಸ್ ಬಂದ್ ಕರೋ.” ನನಗೆ ನಗು ಬಂತು, ಹೊಟ್ಟೆಯೂ ಉರಿಯಿತು. ಅಳಿಸಿ ಹೊಸದು ಮಾಡಿದ್ದ ಮಷಿನ್‌ಗಳಿಗೆ ಒಂದೊಂದಾಗಿ ಅದೇ ಸೆಟ್ ತುಂಬಿದ. ಮಾಸ್ಟರ್ “ನನ್ನದು ಆಮೇಲೆ ನೋಡೋಣ” ಎಂದು ಅವನನ್ನು ಮುಂದೆ ದಾಟಿಸಿದರು. ಅವನು ನನ್ನ ಕುರ್ಚಿಯ ಹಿಂದೆ ಬಂದು ನಿಂತ. ಸೇಠ್ ಬಾಗಿಲಿನಿಂದಲೇ ಕೂಗಿದರು, “ಏಳಮ್ಮ, ಅವನು ಕೂರಲಿ. ಇನ್ನು ಎಲ್ಲ ಮಷಿನ್ ಒಂದೇ ಥರ ಇರಬೇಕು.”

“ಏಳಲ್ಲ.”

“ಮಷಿನ್ ನಿನ್ನಪ್ಪನದಲ್ಲ!”

“ಅಲ್ಲ, ನಿಮ್ಮದೇ. ಆದರೆ ತಿಂಗಳ ಕೊನೇವರೆಗೆ ಇದರಿಂದ ಹೊರಗೆ ಹೋಗೋ ಫೈಲಿಗೆ ನನ್ನ ಹೆಸರು. ನಾನು ಹೋದ ಮರುದಿನ ಏನು ಬೇಕಾದರೂ ತುಂಬಿಸ್ಕೊಳ್ಳಿ. ಅಲ್ಲೀತನಕ ಈ ಮನುಷ್ಯ ಇದನ್ನ ಮುಟ್ಟಂಗಿಲ್ಲ.” ಸಿಟ್ಟಿನಲ್ಲಿ ಹಿಂದಿ ಕೈಕೊಟ್ಟಿತು, ಕೊನೆಗೆ ನಮ್ಮೂರ ಕನ್ನಡವೇ ಬಂತು: “ಮುಟ್ಟಿದ್ರ ನೋಡ ಮತ್ತ!”

ಅವನಿಗೆ ಕನ್ನಡ ಬರುತ್ತಿರಲಿಲ್ಲ. ಆದರೂ ಎರಡು ಹೆಜ್ಜೆ ಹಿಂದೆ ಹೋದ. ಸೇಠ್ ಏನೋ ಗೊಣಗಿ ಕೆಳಗೆ ಇಳಿದುಹೋದರು. ನಾನು ಅರ್ಧಕ್ಕೆ ಬಿಟ್ಟಿದ್ದ ಬಳ್ಳಿಯನ್ನು ಮುಂದುವರಿಸಿದೆ.

ಮಧ್ಯಾಹ್ನದ ಚಹಾಕ್ಕೆ ಎಲ್ಲರೂ ಹೊರಗೆ ಹೋದಾಗ ಮಾಸ್ಟರ್ ತಮ್ಮ ಕುರ್ಚಿ ಎಳೆದುಕೊಂಡು ನನ್ನ ಪಕ್ಕ ಬಂದರು. ಜೇಬಿನಿಂದ ಒಂದು ಪೆನ್‌ಡ್ರೈವ್ ತೆಗೆದು ಮೇಜಿನ ಮೇಲಿಟ್ಟರು.

“ಬೇಟಿ, ನಿನ್ನ ಸೆಟ್ ಇದರಲ್ಲಿ ಹಾಕಿಕೊಡು.”

ನಾನು ಅದನ್ನು ಹಿಂದಕ್ಕೆ ಸರಿಸಿದೆ. ಅವರ ಮುಖ ಸಣ್ಣದಾಯಿತು.

“ಅವತ್ತು ನಾನು ಬಾಯಿ ಬಿಡಲಿಲ್ಲ ಅಂತ ಸಿಟ್ಟಾ?”

“ಸಿಟ್ಟಿದೆ. ಸುಳ್ಳು ಯಾಕೆ ಹೇಳಲಿ? ಆದರೆ ಅದಕ್ಕಲ್ಲ ಇದು.”

“ಹೆದರಿದೆ. ಈ ವಯಸ್ಸಿನಲ್ಲಿ ಬೇರೆ ಕಡೆ ಯಾರು ತಗೋತಾರೆ? ಈಗ ಹೇಳ್ತೀನಿ ಕೇಳು. ನಿನ್ನ ಕೈ ಶುದ್ಧ. ನೀನು ಕೊಟ್ಟರೆ ಕಣ್ಣು ಮುಚ್ಚಿ ಹಾಕಿಕೊಳ್ತೀನಿ. ನಿನ್ನನ್ನ ನಂಬ್ತೀನಿ.”

ಈ ಒಂದು ಮಾತಿಗಾಗಿ ಎಷ್ಟು ದಿನದಿಂದ ಹಸಿದಿದ್ದೆನೋ ನನಗೇ ಗೊತ್ತಿರಲಿಲ್ಲ. ಪೆನ್‌ಡ್ರೈವ್ ತೆಗೆದುಕೊಂಡು ತುಂಬಿಕೊಟ್ಟುಬಿಡೋಣ ಅನಿಸಿತು. ಎರಡು ನಿಮಿಷದ ಕೆಲಸ, ಅವರಿಗೂ ಸಮಾಧಾನ, ನನಗೂ ಸಮಾಧಾನ.

“ನಂಬಬೇಡಿ” ಎಂದೆ.

ಅವರು ನನ್ನನ್ನೇ ನೋಡಿದರು.

“ಹನ್ನೊಂದು ವರ್ಷ ಅವನ ಕೈ ನಂಬಿದಿರಿ. ಈಗ ನನ್ನ ಕೈ ನಂಬಿದರೆ ಏನು ಬದಲಾಯ್ತು? ನಾಳೆ ನನ್ನ ಡಿಸ್ಕಿಗೇ ಏನಾದರೂ ಹತ್ತಿರಬಹುದು, ನನಗೇ ಗೊತ್ತಿಲ್ಲದೆ. ಬನ್ನಿ, ನಿಮ್ಮ ಮಷಿನ್‌ನಲ್ಲಿ ನೀವೇ ಕೂತು ಟೈಪ್ ಮಾಡಿ. ಮಾಡಿದವರ ಹತ್ತಿರವೇ ಹೋಗಿ ತಗೊಳ್ಳಿ.”

ಎರಡೇ ಬೆರಳಿನಲ್ಲಿ ವಿಳಾಸ ಒತ್ತಿದರು. ಜಾಹೀರಾತಿನ ಸಾಲು ಬಿಟ್ಟು ಕೆಳಗಿಳಿದರು. ಫೈಲು ಇಳಿಯಿತು. ಸಂಖ್ಯೆ ತೆಗೆಯುವುದು ಹೇಗೆ ಎಂದು ತೋರಿಸಿ ನಾನು ಕೈ ಕಟ್ಟಿಕೊಂಡು ಕೂತೆ. ಅವರು ಕನ್ನಡಕ ಏರಿಸಿಕೊಂಡು ಒಂದೊಂದೇ ಅಕ್ಷರ ಹಾಳೆಯ ಮೇಲೆ ಬರೆದುಕೊಂಡರು, ಪರದೆಯ ಜೊತೆ ತಾಳೆ ನೋಡಿದರು. ನಡುವೆ ಒಂದು ಕಡೆ ಹೊಂದಲಿಲ್ಲ. ಬೆವರಿದರು. ನೋಡಿದರೆ ಒಂದು ಅಂಕಿ ಬಿಟ್ಟು ಬರೆದಿದ್ದರು. ಹಾಳೆ ಹರಿದು ಮತ್ತೆ ಮೊದಲಿನಿಂದ ಶುರು ಮಾಡಿದರು. ಚಹಾಕ್ಕೆ ಹೋದವರು ತಿರುಗಿ ಬಂದು ಬಾಗಿಲಲ್ಲೇ ನಿಂತು ನೋಡತೊಡಗಿದ್ದರು, ಸೇಠ್ ಕೂಡ.

ಕೊನೆಯ ಅಕ್ಷರ ಮುಗಿಯಿತು. ಮಾಸ್ಟರ್ ತಲೆ ಎತ್ತಿ ನನ್ನ ಮುಖ ನೋಡಿದರು, ಸರಿ ಇದೆಯಾ ಎಂದು ನಾನು ಹೇಳಲಿ ಅಂತ. ನಾನು ತುಟಿ ಬಿಚ್ಚಲಿಲ್ಲ. ಅವರು ಹಾಳೆಯನ್ನು ಇನ್ನೊಮ್ಮೆ ನೋಡಿದರು, ಪರದೆಯನ್ನು ಇನ್ನೊಮ್ಮೆ ನೋಡಿದರು. ಆಮೇಲೆ ಬಾಗಿಲಲ್ಲಿ ನಿಂತವರ ಕಡೆ ತಿರುಗಿ, ಎಲ್ಲರಿಗೂ ಕೇಳುವ ಹಾಗೆ, ಸರಿಯಾಗಿದೆ ಎಂದು ತಮ್ಮ ಗುಜರಾತಿಯಲ್ಲಿ ಅವರೇ ಹೇಳಿದರು: “ಬರಾಬರ್ ಛೇ.”